ಕಾಲೇಜ್ ಫುಟ್‌ಬಾಲ್ ತಂಡಕ್ಕೆ ಹೊಸ ಕೋಚ್ ಬಂದಿದ್ದಾರಾ? ಆ ಸೀಸನ್ ನೋಡುವುದು ಹೀಗೆ

ನಮ್ಮ ಆಫೀಸಿನಲ್ಲಿ ಸೋಮವಾರ ಸಂಜೆಯ ಕಾಲ್ ಶುರುವಾಗುವುದು ಕೆಲಸದ ಮಾತಿನಿಂದಲ್ಲ, ಫುಟ್‌ಬಾಲಿನಿಂದ. ಅಮೆರಿಕದ ಕಡೆ ಮೂರು ಜನ ಇದ್ದಾರೆ. ಒಬ್ಬರು ಓಹಾಯೋ ಸ್ಟೇಟ್‌ನಲ್ಲಿ ಓದಿದವರು, ಒಬ್ಬರು ಮಿಶಿಗನ್, ಇನ್ನೊಬ್ಬರು ಇಂಡಿಯಾನಾ. ಶನಿವಾರ ಯಾರು ಗೆದ್ದರು, ಯಾರು ಕೆಡಿಸಿಕೊಂಡರು ಅಂತ ಹತ್ತು ನಿಮಿಷ ಕಿತ್ತಾಡುತ್ತಾರೆ. ನಾವು ಬೆಂಗಳೂರಿನವರು ಮ್ಯೂಟ್‌ನಲ್ಲಿ ಕೂತು ಟೀ ಮುಗಿಸುತ್ತೇವೆ. ನಾನೂ ನಾಲ್ಕು ವರ್ಷ ಹಾಗೇ ಇದ್ದೆ. 2024ರ ಸೆಪ್ಟೆಂಬರಿನಲ್ಲಿ ಇಂಡಿಯಾನಾದವರು "ನಮಗೆ ಹೊಸ ಕೋಚ್ ಬಂದಿದ್ದಾರೆ, ಈ ವರ್ಷ ನೋಡ್ತಾ ಇರಿ" ಅಂದರು. ಉಳಿದಿಬ್ಬರು ನಕ್ಕರು. ಯಾಕೆ ನಕ್ಕರು ಅಂತ ನನಗೆ ಅರ್ಥ ಆಗಲಿಲ್ಲ. ಆ ಕುತೂಹಲಕ್ಕೇ ನೋಡಲು ಕೂತೆ, ಸೀಸನ್ ಮುಗಿಯುವವರೆಗೂ ಏಳಲಿಲ್ಲ.

ಮಗನನ್ನೋ ಮಗಳನ್ನೋ ಅಲ್ಲಿಗೆ ಓದಲು ಕಳಿಸಿದವರು, ಅಲ್ಲೇ ಹೋಗಿ ಸೇರಿದವರು, ನನ್ನ ಹಾಗೆ ಸೋಮವಾರದ ಕಾಲ್‌ನಲ್ಲಿ ಸುಮ್ನೆ ಕೂರುವವರು ಬೇಕಾದಷ್ಟು ಜನ ಇದ್ದೀರಿ. ಈ ಆಟಕ್ಕೆ ಹೊಸದಾಗಿ ಬರುವುದಾದರೆ ಹೊಸ ಕೋಚ್ ಬಂದ ವರ್ಷವೇ ಸರಿಯಾದ ಸಮಯ. ಯಾಕೆಂದರೆ ಆ ವರ್ಷ ಮೂವತ್ತು ವರ್ಷದ ಹಳೇ ಅಭಿಮಾನಿಗೂ ತಂಡ ನಿಮಗಿರುವಷ್ಟೇ ಹೊಸದು. ಅರ್ಧ ಜನರ ಹೆಸರು ಅವರಿಗೂ ಗೊತ್ತಿರುವುದಿಲ್ಲ.

ಮೊದಲು ಆಟ, ಬೇಗ ಮುಗಿಸೋಣ

ಇದು ಕಾಲಿನಲ್ಲಿ ಒದೆಯುವ ಫುಟ್‌ಬಾಲ್ ಅಲ್ಲ. ಎರಡೂ ತುದಿ ಚೂಪಾದ ಚೆಂಡನ್ನು ಹಿಡಿದು ಓಡುವ, ಎಸೆಯುವ ಆಟ. ಒಂದು ಕಡೆಗೆ 11 ಜನ, 100 ಗಜದ ಮೈದಾನ, 15 ನಿಮಿಷದ ನಾಲ್ಕು ಕ್ವಾರ್ಟರ್. ಚೆಂಡು ಇದ್ದವರಿಗೆ ನಾಲ್ಕು ಯತ್ನ ಸಿಗುತ್ತದೆ. ನಾಲ್ಕೇ ಬಾಲಿನ ಓವರ್ ಅಂದುಕೊಳ್ಳಿ. ಅಷ್ಟರಲ್ಲಿ 10 ಗಜ ಮುಂದೆ ಹೋದರೆ ಮತ್ತೆ ಹೊಸ ಓವರ್, ಹೋಗದಿದ್ದರೆ ಚೆಂಡು ಎದುರಾಳಿಗೆ. ಹಾಗಾಗಿ ಮೂರು ಯತ್ನದಲ್ಲಿ ಆಗದಿದ್ದರೆ ನಾಲ್ಕನೆಯದರಲ್ಲಿ ಚೆಂಡನ್ನು ದೂರ ಒದ್ದು ಕೊಟ್ಟುಬಿಡುತ್ತಾರೆ, ಅದಕ್ಕೆ ಪಂಟ್ ಅನ್ನುತ್ತಾರೆ. ಕೊನೆಯ ಗೆರೆ ದಾಟಿಸಿದರೆ ಟಚ್‌ಡೌನ್, 6 ಅಂಕ. ಮೇಲೊಂದು ಕಿಕ್ ಹೊಡೆದರೆ ಇನ್ನೊಂದು. ದೂರದಿಂದ ಕಂಬಗಳ ನಡುವೆ ಒದ್ದರೆ ಫೀಲ್ಡ್ ಗೋಲ್, 3 ಅಂಕ. ಶುರು ಮಾಡಲು ಇಷ್ಟು ಸಾಕು.

ಕೋಚ್ ಯಾಕೆ ಇಷ್ಟು ದೊಡ್ಡ ಮನುಷ್ಯ ಅನ್ನುವುದು ಮಾತ್ರ ಕ್ರಿಕೆಟ್ ನೋಡಿ ಬೆಳೆದ ನಮಗೆ ಬೇಗ ಹಿಡಿಯುವುದಿಲ್ಲ. ನಮ್ಮಲ್ಲಿ ಕೋಚ್ ಡ್ರೆಸ್ಸಿಂಗ್ ರೂಮಿನಲ್ಲಿ ಕೂತಿರುತ್ತಾರೆ, ಮೈದಾನದಲ್ಲಿ ನಿರ್ಧಾರ ಕ್ಯಾಪ್ಟನ್ನದು. ಇಲ್ಲಿ ಪ್ರತಿ ಬಾಲಿಗೂ ಏನು ಮಾಡಬೇಕು ಅನ್ನುವುದು ಕೋಚ್‌ಗಳ ಕಡೆಯಿಂದ ಬರುತ್ತದೆ. 40 ಸೆಕೆಂಡಿನ ಗಡಿಯಾರ ಓಡುತ್ತಿರುತ್ತದೆ. 2024ರಿಂದ ಮೈದಾನದಲ್ಲಿರುವ ಒಬ್ಬ ಆಟಗಾರನ ಹೆಲ್ಮೆಟ್ಟಿನಲ್ಲಿ ರೇಡಿಯೋ ಇಡಲು ಬಿಟ್ಟಿದ್ದಾರೆ, ಗಡಿಯಾರದಲ್ಲಿ 15 ಸೆಕೆಂಡ್ ಉಳಿದಾಗ ಅದು ಬಂದ್. ಇದರ ಮೇಲೆ ಆಟಗಾರರನ್ನು ಹುಡುಕುವುದು, ಹೈಸ್ಕೂಲ್ ಹುಡುಗರ ಮನೆಗೇ ಹೋಗಿ ಅಪ್ಪ ಅಮ್ಮನನ್ನು ಒಪ್ಪಿಸುವುದು, ಎಲ್ಲವೂ ಹೆಡ್ ಕೋಚ್ ತಲೆ ಮೇಲೆ. ಸಂಬಳವೂ ಹಾಗೇ. ಎಷ್ಟೋ ರಾಜ್ಯಗಳಲ್ಲಿ ಸರ್ಕಾರಿ ಸಂಬಳ ತೆಗೆದುಕೊಳ್ಳುವವರಲ್ಲಿ ಎಲ್ಲರಿಗಿಂತ ಜಾಸ್ತಿ ಪಡೆಯುವುದು ಗವರ್ನರ್ ಅಲ್ಲ, ಯೂನಿವರ್ಸಿಟಿಯ ಫುಟ್‌ಬಾಲ್ ಅಥವಾ ಬ್ಯಾಸ್ಕೆಟ್‌ಬಾಲ್ ಕೋಚ್. ತೆಗೆದುಹಾಕಿದರೂ ದುಡ್ಡು ಕೊಡಬೇಕು. ಟೆಕ್ಸಸ್ ಎ ಅಂಡ್ ಎಂ ಯೂನಿವರ್ಸಿಟಿ 2023ರಲ್ಲಿ ಜಿಂಬೋ ಫಿಶರ್ ಅವರನ್ನು ಕಳಿಸಿದಾಗ ಒಪ್ಪಂದದ ಪ್ರಕಾರ ಕೊಡಬೇಕಾಗಿದ್ದು 7.5 ಕೋಟಿ ಡಾಲರ್‌ಗೂ ಮೇಲೆ. ಕೆಲಸ ಕಳೆದುಕೊಳ್ಳುವುದಾದರೆ ಹೀಗೆ ಕಳೆದುಕೊಳ್ಳಬೇಕು.

ತಂಡ ಎಲ್ಲಿಂದ ಎದ್ದು ಬರುತ್ತಿದೆ ನೋಡಿ

ಸೀಸನ್ ಶುರುವಾಗುವ ಮೊದಲು ಒಂದೇ ಕೆಲಸ ಮಾಡಿ. ಹಿಂದಿನ ಮೂರು ವರ್ಷದ ಗೆಲುವು-ಸೋಲು ಬರೆದಿಟ್ಟುಕೊಳ್ಳಿ. ಇಂಡಿಯಾನಾದ್ದು 2021ರಲ್ಲಿ 2-10, 2022ರಲ್ಲಿ 4-8, 2023ರಲ್ಲಿ 3-9. ಮೊದಲ ಸಂಖ್ಯೆ ಗೆಲುವು, ಎರಡನೆಯದು ಸೋಲು. ಅದು ಬ್ಯಾಸ್ಕೆಟ್‌ಬಾಲ್ ಊರು, ಆ ಆಟದಲ್ಲಿ ಐದು ಸಲ ರಾಷ್ಟ್ರೀಯ ಚಾಂಪಿಯನ್. ಫುಟ್‌ಬಾಲಿನಲ್ಲಿ ಮಾತ್ರ ಆಗ ದೊಡ್ಡ ಕಾಲೇಜುಗಳ ಪೈಕಿ ಇತಿಹಾಸದಲ್ಲೇ ಅತಿ ಹೆಚ್ಚು ಪಂದ್ಯ ಸೋತ ತಂಡವಾಗಿತ್ತು. ಒಂದು ವರ್ಷದಲ್ಲಿ 10 ಪಂದ್ಯ ಗೆದ್ದದ್ದೇ ಇರಲಿಲ್ಲ. 1945ರಲ್ಲಿ ಒಮ್ಮೆ 9, 1967ರಲ್ಲಿ ಒಮ್ಮೆ 9. ಇಷ್ಟು ಓದಿದ ಮೇಲೆ ಆ ಇಬ್ಬರು ಯಾಕೆ ನಕ್ಕರು ಅಂತ ನನಗೂ ಗೊತ್ತಾಯಿತು.

ಇದು ಯಾಕೆ ಮುಖ್ಯ ಅಂದರೆ, ಅದೇ 2024ರಲ್ಲಿ ಅಲಬಾಮಾಗೂ ಹೊಸ ಕೋಚ್ ಬಂದರು. ಅಲ್ಲಿ ಆರು ಸಲ ಚಾಂಪಿಯನ್ ಮಾಡಿಸಿದ ನಿಕ್ ಸೇಬನ್ ಜನವರಿಯಲ್ಲಿ ನಿವೃತ್ತರಾದರು, ಆ ಕುರ್ಚಿಗೆ ಕೇಲನ್ ಡೀಬೋರ್ ಬಂದು ಕೂತರು. ಮೊದಲ ವರ್ಷ 9-4. ಇಂಡಿಯಾನಾದಲ್ಲಿ ಒಂಬತ್ತು ಗೆದ್ದಿದ್ದರೆ ಊರ ಹಬ್ಬ ಮಾಡುತ್ತಿದ್ದರು, ಅಲಬಾಮಾದಲ್ಲಿ ಅದೇ ಒಂಬತ್ತಕ್ಕೆ ಮನೆಯಲ್ಲಿ ಸೂತಕ. ಸೆಪ್ಟೆಂಬರ್ 28ಕ್ಕೆ ಜಾರ್ಜಿಯಾವನ್ನು 41-34ರಲ್ಲಿ ಸೋಲಿಸಿದ ತಂಡ, ಸರಿಯಾಗಿ ಒಂದು ವಾರಕ್ಕೆ ವಾಂಡರ್‌ಬಿಲ್ಟ್ ಕೈಯಲ್ಲಿ 40-35ರಲ್ಲಿ ಸೋತಿತು. ವಾಂಡರ್‌ಬಿಲ್ಟ್ ಹುಡುಗರು ಖುಷಿಗೆ ಗೋಲ್ ಕಂಬವನ್ನೇ ಕಿತ್ತು, ನ್ಯಾಶ್‌ವಿಲ್ ಬೀದಿಯಲ್ಲಿ ಹೊತ್ತುಕೊಂಡು ಹೋಗಿ ಕಂಬರ್ಲ್ಯಾಂಡ್ ನದಿಗೆ ಎಸೆದರು. ಅಂಕಪಟ್ಟಿಯನ್ನು ಬಿಡಿಯಾಗಿ ಓದಬೇಡಿ ಅನ್ನುವುದು ಇದಕ್ಕೇ.

ಕೋಚ್ ಯಾರು, ಜೊತೆಗೆ ಯಾರನ್ನು ಕರೆತಂದರು

ಇಂಡಿಯಾನಾಗೆ ಬಂದವರು ಕರ್ಟ್ ಸಿಗ್ನೆಟಿ. ಮೊದಲ ಸೀಸನ್ ಆಡಿಸುವಾಗ 63 ವರ್ಷ. ಅಲಬಾಮಾದಲ್ಲಿ ಸೇಬನ್ ಕೈಕೆಳಗೆ ಇದ್ದವರು 2011ರಲ್ಲಿ ಅದನ್ನು ಬಿಟ್ಟು, ಅಪ್ಪ ಹಿಂದೆ ಕೋಚ್ ಆಗಿದ್ದ ಪೆನ್ಸಿಲ್ವೇನಿಯಾದ ಸಣ್ಣ ಕಾಲೇಜಿಗೆ ಹೆಡ್ ಕೋಚ್ ಆಗಿ ಹೋದರು. ದೊಡ್ಡ ಮನೆಯ ಅಡುಗೆಭಟ್ಟರ ಕೆಲಸ ಬಿಟ್ಟು ಸ್ವಂತ ದರ್ಶಿನಿ ಹಾಕಿದ ಹಾಗೆ. ಆಮೇಲೆ ಈಲಾನ್, ಆಮೇಲೆ ಜೇಮ್ಸ್ ಮ್ಯಾಡಿಸನ್. ಅಲ್ಲಿ ಐದು ವರ್ಷದಲ್ಲಿ 52 ಗೆಲುವು, 9 ಸೋಲು. ಎಲ್ಲೂ ಒಂದು ವರ್ಷವೂ ಗೆಲುವಿಗಿಂತ ಸೋಲು ಜಾಸ್ತಿ ಆಗಿರಲಿಲ್ಲ. ಕೆಲಸಕ್ಕೆ ಸೇರಿದ ಹೊಸತರಲ್ಲಿ, ಹುಡುಗರನ್ನು ಹೇಗೆ ಒಪ್ಪಿಸುತ್ತೀರಿ ಅಂತ ಪತ್ರಕರ್ತರು ಕೇಳಿದರೆ, ನಾನು ಗೆಲ್ಲುತ್ತೇನೆ, ಗೂಗಲ್ ಮಾಡಿ ನೋಡಿ ಅಂದುಬಿಟ್ಟರು. ಅದಕ್ಕೂ ಮೊದಲೇ ಒಂದು ಬ್ಯಾಸ್ಕೆಟ್‌ಬಾಲ್ ಪಂದ್ಯದ ನಡುವೆ ಮೈಕ್ ಹಿಡಿದು, ಎದುರಾಳಿ ಕಾಲೇಜು ಪರ್ಡ್ಯೂ ದಂಡ, ಮಿಶಿಗನ್ನೂ ಓಹಾಯೋ ಸ್ಟೇಟೂ ಅಷ್ಟೇ ಅನ್ನುವ ಅರ್ಥದ ಮಾತು ಆಡಿದರು. ಆ ಮೂರು ಹೆಸರು ನೆನಪಿಡಿ, ಮುಂದೆ ಬೇಕು.

ಇಂಥ ಮಾತಿಗೆ ಮರುಳಾಗಬೇಡಿ, ಹೊಸ ಕೋಚ್‌ಗಳೆಲ್ಲ ಮಾತಾಡುತ್ತಾರೆ. ನೋಡಬೇಕಾದದ್ದು ಸಾಮಾನು ಯಾವುದು ತಂದರು ಅಂತ. ಈಗ ಆಟಗಾರರು ಟ್ರಾನ್ಸ್‌ಫರ್ ಪೋರ್ಟಲ್ ಅನ್ನುವ ಪಟ್ಟಿಗೆ ಹೆಸರು ಹಾಕಿ ಕಾಲೇಜು ಬದಲಾಯಿಸಬಹುದು. 2021ರಿಂದ ಮೊದಲ ಸಲ ಹೀಗೆ ಹೋದರೆ ಒಂದು ವರ್ಷ ಹೊರಗೆ ಕೂರುವ ಶಿಕ್ಷೆಯೂ ಹೋಯಿತು. ಅದೇ ವರ್ಷ ಜುಲೈಯಿಂದ ತಮ್ಮ ಹೆಸರಿನ ಮೇಲೆ ದುಡ್ಡು ಮಾಡಲೂ ಬಿಟ್ಟರು. ಹಾಗಾಗಿ ಮೊದಲೆಲ್ಲ ನಾಲ್ಕು ವರ್ಷ ಹಿಡಿಯುತ್ತಿದ್ದ ರಿಪೇರಿ ಈಗ ಒಂದು ಬೇಸಿಗೆಯಲ್ಲಿ ಆಗಬಹುದು, ಆಗದೆಯೂ ಇರಬಹುದು.

ಸಿಗ್ನೆಟಿ ಹಳೇ ಕಾಲೇಜಿನಿಂದ 13 ಆಟಗಾರರನ್ನು ಕರೆತಂದರು. ಅದಕ್ಕಿಂತ ಮುಖ್ಯ, ಆಕ್ರಮಣ ನೋಡಿಕೊಳ್ಳುವ ಮೈಕ್ ಶಾನಹನ್ ಮತ್ತು ರಕ್ಷಣೆ ನೋಡಿಕೊಳ್ಳುವ ಬ್ರಯಂಟ್ ಹೇನ್ಸ್ ಇಬ್ಬರನ್ನೂ ತಂದರು. ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡು ಎಸೆಯುವ ಮುಖ್ಯ ಹುಡುಗ, ಕೆನಡಾದ ಕರ್ಟಿಸ್ ರೋರ್ಕ್, ಒಹಾಯೋ ಯೂನಿವರ್ಸಿಟಿಯಿಂದ ಬಂದವನು. ಇದು ಓಹಾಯೋ ಸ್ಟೇಟ್ ಅಲ್ಲ, ಬೇರೆ. ಕಾಲ್‌ನಲ್ಲಿ ನಾನು ಎರಡನ್ನೂ ಒಂದೇ ಅಂದು ನಗೆಪಾಟಲಾಗಿದ್ದೇನೆ, ನೀವು ಆಗಬೇಡಿ. ನನ್ನ ಲೆಕ್ಕ ಇಷ್ಟೇ: ಹೊಸ ಕೋಚ್ ಜೊತೆಗೆ ಅವರ ಮಾತು ಮೊದಲೇ ಅರ್ಥವಾಗುವ ಹತ್ತು ಹನ್ನೆರಡು ಜನ ಬಂದಿದ್ದರೆ ಮೊದಲ ವರ್ಷವೇ ಆಸೆ ಇಟ್ಟುಕೊಳ್ಳಬಹುದು. ಒಬ್ಬರೇ ಬಂದಿದ್ದರೆ ಒಂದು ವರ್ಷ ಬಿಟ್ಟುಕೊಡಿ.

ನೋಟ್‌ಬುಕ್ಕಿನಲ್ಲಿ ನಾಲ್ಕು ಗೆರೆ

ಎಲ್ಲಕ್ಕಿಂತ ನನಗೆ ಉಪಯೋಗಕ್ಕೆ ಬಂದದ್ದು ಇದು. ಮಗಳ ಹಳೇ ಲೆಕ್ಕದ ಪುಸ್ತಕದಲ್ಲಿ ಖಾಲಿ ಉಳಿದಿದ್ದ ಹಾಳೆಗಳಲ್ಲಿ ವಾರಕ್ಕೊಂದು ಸಾಲು ಬರೆದೆ. ನಾಲ್ಕು ಕಾಲಂ. ಎದುರಾಳಿಯ ಇಲ್ಲಿಯವರೆಗಿನ ಗೆಲುವು-ಸೋಲು. ಚೆಂಡು ಎಷ್ಟು ಸಲ ಕಳೆದುಕೊಂಡರು, ಎಷ್ಟು ಸಲ ಕಿತ್ತುಕೊಂಡರು. ಮೂರನೇ ಯತ್ನದಲ್ಲಿ ಎಷ್ಟಕ್ಕೆ ಎಷ್ಟು ಸಲ ದಾಟಿದರು. ಕೊನೆಯದು, ಬರೀ ಎರಡನೇ ಅರ್ಧದ ಅಂಕ. ಪಂದ್ಯ ಪೂರ್ತಿ ನೋಡದಿದ್ದರೂ ಇವೆಲ್ಲ ಮರುದಿನ ಅಂಕಪಟ್ಟಿಯಲ್ಲಿ ಸಿಗುತ್ತವೆ. ಬರೆಯಲು ಐದು ನಿಮಿಷ.

ಕೊನೆಯ ಕಾಲಂ ಯಾಕೆ ಅಂದರೆ, ಮೊದಲರ್ಧ ವಾರವೆಲ್ಲ ತಯಾರಿ ಮಾಡಿಕೊಂಡು ಬಂದ ಪಾಠ. ಇಂಟರ್ವಲ್‌ನಲ್ಲಿ ಎದುರಾಳಿ ಅದನ್ನು ಬಿಡಿಸುತ್ತಾನೆ. ಆಮೇಲೆ ಏನು ಮಾಡುತ್ತಾರೆ ಅನ್ನುವುದರಲ್ಲಿ ಕೋಚ್ ಗೊತ್ತಾಗುತ್ತಾರೆ. ಕೊಲೊರಾಡೋ ನೋಡಿ. 2023ರಲ್ಲಿ ಡಿಯಾನ್ ಸ್ಯಾಂಡರ್ಸ್ ಬಂದರು, 50ಕ್ಕೂ ಹೆಚ್ಚು ಹೊಸ ಹುಡುಗರನ್ನು ಪೋರ್ಟಲ್ಲಿನಿಂದ ತಂದರು, ಮೊದಲ ಮೂರು ಪಂದ್ಯ ಗೆದ್ದರು, ದೇಶವೆಲ್ಲ ಅವರದೇ ಮಾತು. ಅಕ್ಟೋಬರಿನಲ್ಲಿ ಸ್ಟ್ಯಾನ್‌ಫರ್ಡ್ ಮೇಲೆ ಇಂಟರ್ವಲ್‌ಗೆ 29-0 ಮುಂದಿದ್ದರು. ಸೋತದ್ದು 46-43, ಎರಡು ಓವರ್‌ಟೈಮ್ ಆಡಿ. ಸೀಸನ್ ಮುಗಿದದ್ದು 4-8ಕ್ಕೆ. ಅದನ್ನೂ ನಾನು ಕೆಟ್ಟ ವರ್ಷ ಅನ್ನುವುದಿಲ್ಲ, ಹಿಂದಿನ ವರ್ಷ 1-11 ಇತ್ತು ಅಲ್ವಾ. ಶುರುವಿನ ಗದ್ದಲ ಕೇಳಿ ಆಸೆ ಇಟ್ಟವರಿಗೆ ಅದು ಕೆಟ್ಟದಾಗಿ ಕಂಡಿತು, ಅಷ್ಟೇ. ಮರುವರ್ಷ 9 ಗೆದ್ದರು.

ಇನ್ನು ಇಂಡಿಯಾನಾ ಹಾಳೆಗೆ ಬರೋಣ. ಮೊದಲ ಸಾಲುಗಳನ್ನು ನಂಬಬೇಡಿ, ಯಾವ ತಂಡದ್ದೇ ಆಗಲಿ. ದೊಡ್ಡ ಕಾಲೇಜುಗಳು ಸೆಪ್ಟೆಂಬರಿನಲ್ಲಿ ಸಣ್ಣ ಕಾಲೇಜುಗಳಿಗೆ ದುಡ್ಡು ಕೊಟ್ಟು ಕರೆಸಿ ಹೊಡೆಯುತ್ತವೆ, ಅದೊಂದು ಸಂಪ್ರದಾಯ. ವೆಸ್ಟರ್ನ್ ಇಲಿನಾಯ್ ಮೇಲೆ 77-3 ಬಂದಾಗ ನಮ್ಮ ಇಂಡಿಯಾನಾದವರೇ ಕಾಲ್‌ನಲ್ಲಿ ಆ ವಿಷಯ ಎತ್ತಲಿಲ್ಲ. ಲಾಸ್ ಏಂಜಲಿಸ್ ಕಡೆಗೆ ಹೋಗಿ ಯುಸಿಎಲ್‌ಎಯನ್ನು 42-13ರಲ್ಲಿ ಸೋಲಿಸಿದಾಗ ಮೆಲ್ಲಗೆ ಬಾಯಿ ಬಿಟ್ಟರು. ಅಕ್ಟೋಬರ್ 19ಕ್ಕೆ ನೆಬ್ರಾಸ್ಕಾ ಮೇಲೆ 56-7. ಆ ದಿನ ರೋರ್ಕ್ ಹೆಬ್ಬೆರಳಿಗೆ ಪೆಟ್ಟಾಯಿತು, ಮುಂದಿನ ವಾರ ಬದಲಿ ಹುಡುಗ ಟೇವನ್ ಜ್ಯಾಕ್ಸನ್ ಇಳಿದ, ವಾಷಿಂಗ್ಟನ್ ಮೇಲೆ 31-17. ನನಗೆ ತಂಡದ ಮೇಲೆ ನಂಬಿಕೆ ಬಂದದ್ದು 56-7ರಲ್ಲಿ ಅಲ್ಲ, ಇದರಲ್ಲಿ. ಮುಖ್ಯ ಹುಡುಗ ಇಲ್ಲದಿದ್ದರೂ ಗಾಡಿ ಓಡಿತು.

ನವೆಂಬರ್ 9, ಮಿಶಿಗನ್. ನಮ್ಮ ಸಮಯ ರಾತ್ರಿ ಎರಡಕ್ಕೆ ಶುರು. ಹಾಳೆಯಲ್ಲಿ ಮೊದಲ ಕಾಲಂ ನೋಡಿದರೆ ಮಿಶಿಗನ್ 5-4. ಹಿಂದಿನ ವರ್ಷದ ರಾಷ್ಟ್ರೀಯ ಚಾಂಪಿಯನ್ನೇ, ಆದರೆ ಕೋಚ್ ಹೋಗಿದ್ದರು, ಅವರಿಗೂ ಹೊಸಬರೇ. ಹೆಸರು ದೊಡ್ಡದು, ಆ ವರ್ಷದ ತಂಡ ಅಷ್ಟಲ್ಲ. ಇಂಟರ್ವಲ್‌ಗೆ 17-3. ನಾನು ಮಲಗೋಣ ಅಂತ ಎದ್ದೆ. ಮಲಗದಿದ್ದದ್ದು ಒಳ್ಳೆಯದಾಯಿತು. ಆಮೇಲೆ ಇಂಡಿಯಾನಾದ ಆಟ ಕೆಟ್ಟು ನಿಂತಿತು, ಮಿಶಿಗನ್ 17-15ಕ್ಕೆ ಬಂತು, ಸಮ ಮಾಡಲು ಒಂದು ಅಂಕದ ಕಿಕ್ ಬದಲು ಚೆಂಡನ್ನು ಮತ್ತೊಮ್ಮೆ ಗೆರೆ ದಾಟಿಸುವ ಎರಡು ಅಂಕದ ಯತ್ನ ಮಾಡಿತು, ಆಗಲಿಲ್ಲ. ಕೊನೆಗೆ 20-15. ಕೊನೆಯ ಕಾಲಂನಲ್ಲಿ ಬರೆದೆ: 3-12. ಗೆದ್ದಿದ್ದಾರೆ, ಶಾಲೆಯ ಇತಿಹಾಸದಲ್ಲಿ ಮೊದಲ ಸಲ 10-0, ಎಲ್ಲರೂ ಕುಣಿಯುತ್ತಿದ್ದಾರೆ. ನನ್ನ ಹಾಳೆ ಮಾತ್ರ ಬೇರೆ ಏನೋ ಹೇಳುತ್ತಿತ್ತು. ಆ ಸಂಖ್ಯೆಗೆ ಕೆಂಪು ಪೆನ್ನಿನಲ್ಲಿ ಸುತ್ತು ಹಾಕಿದೆ.

ಎರಡು ವಾರ ಕಳೆದು ಓಹಾಯೋ ಸ್ಟೇಟ್. ಮೊದಲ ಟಚ್‌ಡೌನ್ ಇಂಡಿಯಾನಾದ್ದೇ. ಇಂಟರ್ವಲ್ ಹತ್ತಿರ ಬಂದಾಗ ಪಂಟ್ ಒದೆಯಬೇಕಾದ ಹುಡುಗನ ಕೈಯಿಂದ ಚೆಂಡು ಜಾರಿತು, ಎದುರಾಳಿಗಳು ಅವನನ್ನು ಅಲ್ಲೇ ಹಿಡಿದರು, ಓಹಾಯೋ 14-7 ಮುಂದೆ. ಎರಡನೇ ಅರ್ಧದ ಶುರುವಿನಲ್ಲೇ ಓಹಾಯೋದ ಕೇಲಬ್ ಡೌನ್ಸ್ ಇನ್ನೊಂದು ಪಂಟ್ ಹಿಡಿದು 79 ಗಜ ಓಡಿ ಟಚ್‌ಡೌನ್. ಮುಗಿದದ್ದು 38-15. ಎರಡನೇ ಅರ್ಧ 8-24. ಆಕ್ರಮಣ, ರಕ್ಷಣೆ ಅಂತ ನಾವು ಮಾತಾಡುತ್ತೇವೆ, ಈ ಒದೆಯುವ ಕೆಲಸದ ಬಗ್ಗೆ ಯಾರೂ ಮಾತಾಡುವುದಿಲ್ಲ. ಹೊಸ ತಂಡ ಮೊದಲು ಸೋರುವುದು ಅಲ್ಲೇ. ಸೋಮವಾರ ಓಹಾಯೋದವರು ಏನೂ ಹೇಳಲಿಲ್ಲ, ಕ್ಯಾಮೆರಾ ಆನ್ ಮಾಡಿ ಕೆಂಪು ಟೋಪಿ ಹಾಕಿಕೊಂಡು ಕೂತಿದ್ದರು ಅಷ್ಟೇ.

ಯಾವುದಕ್ಕೆ ನಿದ್ದೆಗೆಡಬೇಕು

ಎಲ್ಲದಕ್ಕೂ ಅಲ್ಲ. ರೆಗ್ಯುಲರ್ ಸೀಸನ್ನಿನಲ್ಲಿ 12 ಪಂದ್ಯ, ಹೆಚ್ಚಿನವು ಶನಿವಾರ. ಪೂರ್ವ ಅಮೆರಿಕದ ಮಧ್ಯಾಹ್ನ 12ರ ಪಂದ್ಯ ನಮಗೆ ರಾತ್ರಿ 9:30ಕ್ಕೆ, ಊಟ ಮುಗಿಸಿ ಆರಾಮಾಗಿ ನೋಡಬಹುದು. ಅವರ 3:30ರದ್ದು ನಮ್ಮ ರಾತ್ರಿ 1ಕ್ಕೆ, ಅದು ಕಷ್ಟ. ಅವರ ಸಂಜೆ 7:30ರದ್ದು ಭಾನುವಾರ ಬೆಳಗ್ಗೆ 5ಕ್ಕೆ, ವಾಕಿಂಗ್ ಹೋಗುವ ಅಭ್ಯಾಸ ಇದ್ದವರಿಗೆ ಪರವಾಗಿಲ್ಲ. ನವೆಂಬರಿನ ಮೊದಲ ಭಾನುವಾರ ಅಲ್ಲಿ ಗಡಿಯಾರ ಹಿಂದಕ್ಕೆ ಹೋಗುತ್ತದೆ, ಆಮೇಲೆ ಎಲ್ಲಕ್ಕೂ ಒಂದು ಗಂಟೆ ಕೂಡಿಸಿ. ನಾನು ಇದನ್ನು ಮರೆತು ಒಮ್ಮೆ ಖಾಲಿ ಸ್ಟುಡಿಯೋದಲ್ಲಿ ಮೂರು ಜನ ಹರಟುವುದನ್ನು ಒಂದು ಗಂಟೆ ನೋಡಿದ್ದೇನೆ.

ಮೂರು ಪಂದ್ಯ ಆರಿಸಿಕೊಳ್ಳಿ. ಕಾನ್ಫರೆನ್ಸಿನ (ತಂಡ ಸೇರಿರುವ ಕಾಲೇಜುಗಳ ಗುಂಪಿನ) ಮೊದಲ ಹೊರಗಿನ ಪಂದ್ಯ, ವೇಳಾಪಟ್ಟಿಯ ಅತಿ ಬಲವಾದ ಎದುರಾಳಿ, ಮತ್ತೆ ಊರ ಜಗಳದ ಪಂದ್ಯ. ಇಂಡಿಯಾನಾಗೆ ಆ ಜಗಳ ಪರ್ಡ್ಯೂ ಜೊತೆ. ಗೆದ್ದವರಿಗೆ ಸಿಗುವುದು ಕಪ್ ಅಲ್ಲ, ಬಾವಿಯಿಂದ ನೀರು ಸೇದುವ ಹಳೇ ಮರದ ಬಕೆಟ್. ನಿಜವಾದ ಬಕೆಟ್, 1925ರಿಂದ ನಡೆದುಬಂದಿದೆ. ಪ್ರತಿ ವರ್ಷ ಗೆದ್ದವರ ಅಕ್ಷರದ ಒಂದು ಕಂಚಿನ ಕೊಂಡಿ ಅದರ ಸರಪಳಿಗೆ ಸೇರುತ್ತದೆ. ಓಹಾಯೋದಲ್ಲಿ ಪೆಟ್ಟು ತಿಂದು ಬಂದ ವಾರವೇ ಪರ್ಡ್ಯೂ ಮೇಲೆ 66-0. ಒಂದು ಸೋಲಿನ ನಂತರದ ವಾರ ಹೇಗಿತ್ತು ಅನ್ನುವುದನ್ನು ತಪ್ಪದೆ ನೋಡಿ. ಮೈಕ್ ಹಿಡಿದು ಬೈದ ಮೂರರಲ್ಲಿ ಎರಡನ್ನು ಸಿಗ್ನೆಟಿ ಮೊದಲ ವರ್ಷವೇ ಗೆದ್ದರು.

ರ್‍ಯಾಂಕಿಂಗ್ ಬಗ್ಗೆ ಸೆಪ್ಟೆಂಬರಿನಲ್ಲಿ ತಲೆ ಕೆಡಿಸಿಕೊಳ್ಳಬೇಡಿ, ನವೆಂಬರಿನಲ್ಲಿ ನೋಡಿದರೆ ಸಾಕು. 2024ರಿಂದ ಕೊನೆಯ ಪ್ಲೇಆಫ್‌ಗೆ 12 ತಂಡ. 11-1 ಇದ್ದರೂ ಇಂಡಿಯಾನಾ ಯಾರನ್ನು ಸೋಲಿಸಿದೆ ಹೇಳಿ ಅಂತ ಟಿವಿಯಲ್ಲಿ ದಿನಾ ಕೇಳುತ್ತಿದ್ದರು. ನ್ಯಾಯವಾದ ಪ್ರಶ್ನೆಯೇ, ಹಾಳೆಯ ಮೊದಲ ಕಾಲಂ ನನಗೂ ಅದನ್ನೇ ಕೇಳುತ್ತಿತ್ತು. ಹತ್ತನೇ ಸ್ಥಾನದಲ್ಲಿ ಒಳಗೆ ಬಂದರು. ಡಿಸೆಂಬರ್ 20ಕ್ಕೆ ನಾಟರ್ ಡೇಮ್ ಅಂಗಳದಲ್ಲಿ ಪಂದ್ಯ, ನಮಗೆ ಶನಿವಾರ ಬೆಳಗ್ಗೆ ಆರೂವರೆ. ಕಾಫಿ ಇನ್ನೂ ಬಿಸಿ ಇತ್ತು, ಜೆರಮೈಯಾ ಲವ್ ಅನ್ನುವ ಹುಡುಗ 98 ಗಜ ಓಡಿಬಿಟ್ಟ. 27-17ಕ್ಕೆ ಮುಗಿಯಿತು, ಅದರಲ್ಲೂ ಇಂಡಿಯಾನಾದ ಎರಡು ಟಚ್‌ಡೌನ್ ಬಂದದ್ದು ಆಟ ಕೈಬಿಟ್ಟ ಮೇಲೆ. ಎಲ್ಲರೂ ನಕ್ಕರು. ಆದರೆ ಒಂದು ತಿಂಗಳು ಕಾಯಿರಿ: ಜನವರಿ 20ರ ಫೈನಲ್ ಆಡಿದ್ದು ಓಹಾಯೋ ಸ್ಟೇಟ್ ಮತ್ತು ನಾಟರ್ ಡೇಮ್. ವರ್ಷವೆಲ್ಲ ಇಂಡಿಯಾನಾ ಸೋತದ್ದು ಅವೆರಡಕ್ಕೇ.

ಇನ್ನೊಂದು ಸಂಗತಿ ಯಾವ ಕಾಲಂನಲ್ಲೂ ಹಿಡಿಯಲಿಲ್ಲ. ಸೀಸನ್ ಮುಗಿದ ಮೇಲೆ ಗೊತ್ತಾಯಿತು, ರೋರ್ಕ್ ವರ್ಷಪೂರ್ತಿ ಆಡಿದ್ದು ಮಂಡಿಯ ಎಸಿಎಲ್ ಅನ್ನುವ ಲಿಗಮೆಂಟ್ ಹರಿದುಕೊಂಡು. ನಮ್ಮಲ್ಲಿ ಕಬಡ್ಡಿ ಆಡುವ ಹುಡುಗರಿಗೆ ಹೀಗಾದರೆ ತಿಂಗಳುಗಟ್ಟಲೆ ಮನೆಯಲ್ಲಿ. ಮಿಶಿಗನ್ ದಿನದ ಆ ಕೆಂಪು ಸುತ್ತಿನ ಪಕ್ಕ "ಮಂಡಿ" ಅಂತ ಬರೆದು ಪ್ರಶ್ನೆಚಿಹ್ನೆ ಹಾಕಿದೆ.

ಸೀಸನ್ ಮುಗಿಯಿತು ಅಂತ ಪುಸ್ತಕ ಮುಚ್ಚಬೇಡಿ. ಆ ವರ್ಷ ಪೋರ್ಟಲ್ ಡಿಸೆಂಬರಿನಲ್ಲಿ ತೆರೆದಿತ್ತು, 2026ರಿಂದ ಜನವರಿಯಲ್ಲಿ ತೆರೆಯುತ್ತದೆ, ಯಾರು ಬಿಟ್ಟು ಹೋದರು, ಯಾರು ಬಂದರು ಬರೆದುಕೊಳ್ಳಿ. ಕೋಚನ್ನೇ ದೊಡ್ಡ ಕಾಲೇಜು ಹಾರಿಸಿಕೊಂಡು ಹೋಗುವುದೂ ಇದೇ ಸಮಯದಲ್ಲಿ. ಇಂಡಿಯಾನಾ ಜಾಣತನ ಮಾಡಿ ಸೀಸನ್ ನಡೆಯುತ್ತಿರುವಾಗಲೇ, ನವೆಂಬರಿನಲ್ಲಿ, ಸಿಗ್ನೆಟಿ ಜೊತೆ 8 ವರ್ಷಕ್ಕೆ 7.2 ಕೋಟಿ ಡಾಲರಿನ ಒಪ್ಪಂದ ಮಾಡಿಕೊಂಡಿತ್ತು. ನನ್ನ ಹಾಳೆಯಲ್ಲಿ ಬಂದವರ ಪಟ್ಟಿಯ ಮೊದಲ ಹೆಸರು ಫರ್ನಾಂಡೋ ಮೆಂಡೋಜಾ, ಕ್ವಾರ್ಟರ್‌ಬ್ಯಾಕ್, ಕ್ಯಾಲಿಫೋರ್ನಿಯಾದಿಂದ. ಪಕ್ಕದಲ್ಲಿ "ನೋಡೋಣ" ಅಂತ ಬರೆದಿದ್ದೆ. ಮರುವರ್ಷ ಅವನು ದೇಶದ ಅತ್ಯುತ್ತಮ ಆಟಗಾರನಿಗೆ ಕೊಡುವ ಹೈಸ್ಮನ್ ಗೆದ್ದ, ಓಹಾಯೋ ಸ್ಟೇಟನ್ನೂ 13-10ರಲ್ಲಿ ಕೆಡವಿದರು, 16ಕ್ಕೆ 16 ಗೆದ್ದು ರಾಷ್ಟ್ರೀಯ ಚಾಂಪಿಯನ್ ಆದರು. ಅದರ ಮುಂದಿನ ಸೋಮವಾರದ ಕಾಲ್‌ಗೆ ಓಹಾಯೋದವರು ಹತ್ತು ನಿಮಿಷ ತಡವಾಗಿ ಸೇರಿದರು, ಮೀಟಿಂಗ್ ಮುಗಿಯುವವರೆಗೂ ಕ್ಯಾಮೆರಾ ಆಫ್.